ಸಂಗನಕಲ್ಲು ಗುಡ್ಡಕ್ಕೆ ಟ್ರೆಕ್: ಕ್ವಾರಿಯೂ ಬೇಡ, ಬೇಲಿಯೂ ಬೇಡ, ಊರಿನವರ ಪಾಲು ಎಲ್ಲಿ?

ಮೊದಲು ಒಂದು ಲೆಕ್ಕ. 2025ರ ಜನವರಿಯ ಒಂದು ಭಾನುವಾರ ಬೆಂಗಳೂರಿನಿಂದ ರಾತ್ರಿ ಬಸ್ಸಿನಲ್ಲಿ ಬಂದ 22 ಮಂದಿಯ ಒಂದು ಟ್ರೆಕ್ ಗುಂಪಿನಲ್ಲಿ ನಾನೂ ಇದ್ದೆ. ತಲೆಗೆ 1,900 ರೂಪಾಯಿ. ಬೆಳಿಗ್ಗೆ ಸಂಗನಕಲ್ಲು ಗುಡ್ಡ, ಮಧ್ಯಾಹ್ನ ಸಿರುಗುಪ್ಪ ಕಡೆಯ ಭತ್ತದ ಗದ್ದೆ, ನಡುವೆ 'ಹಳ್ಳಿ ಊಟ'. ಒಟ್ಟು ಸಂಗ್ರಹ 41,800 ರೂಪಾಯಿ. ಇದರಲ್ಲಿ ನಾವು ನಡೆದಾಡಿದ ಊರುಗಳಲ್ಲಿ ಉಳಿದದ್ದೆಷ್ಟು ಅಂತ ಆ ದಿನ ಸಿಕ್ಕವರನ್ನೆಲ್ಲ ಕೇಳಿ ಬರೆದುಕೊಂಡೆ. ಜೋಳದ ರೊಟ್ಟಿ ಊಟ ಮಾಡಿಕೊಟ್ಟ ಮನೆಗೆ 1,760. ಚಹಾ ಅಂಗಡಿಗೆ 220. ಗದ್ದೆ ಮಾಲೀಕರಿಗೆ 1,000. ಆಡು ಕಾಯುತ್ತಿದ್ದ ಅಜ್ಜನೊಬ್ಬರ ಕೈಗೆ ಯಾರೋ ತುರುಕಿದ 100. ಒಟ್ಟು 3,080. ಅಂದರೆ ನೂರಕ್ಕೆ ಏಳು ರೂಪಾಯಿ ಚಿಲ್ಲರೆ.

ಬಸ್ಸಿನ ಬಾಡಿಗೆ, ಡೀಸೆಲ್, ಕರೆತಂದವರ ಸಂಬಳ ಎಲ್ಲ ಇರುತ್ತೆ, ಒಪ್ಪಿಕೊಳ್ಳೋಣ. ಯಾರೋ ಲೂಟಿ ಹೊಡೆದರು ಅಂತ ನಾನು ಹೇಳುತ್ತಿಲ್ಲ. ಆದರೆ ನಾವು ದುಡ್ಡು ಕೊಟ್ಟಿದ್ದು ಬಸ್ಸು ನೋಡುವುದಕ್ಕಲ್ಲ ತಾನೆ? ನೋಡಲು ಹೋದದ್ದು ಗುಡ್ಡವನ್ನು, ಗದ್ದೆಯನ್ನು, ಅಲ್ಲಿನ ಜನರ ಬದುಕನ್ನು. ಆ ಮೂರಕ್ಕೂ ಸೇರಿ ಸಿಕ್ಕಿದ್ದು ಇಷ್ಟು.

ಮಾತಾಡುವ ಕಲ್ಲು

ಬಳ್ಳಾರಿಯಿಂದ ಏಳೆಂಟು ಕಿಲೋಮೀಟರ್ ದೂರದ ಸಂಗನಕಲ್ಲು, ಅದರ ಪಕ್ಕದ ಕಪ್ಪಗಲ್ಲು. ಈ ಎರಡು ಊರುಗಳ ನಡುವಿನ ಬಂಡೆಗುಡ್ಡಗಳಲ್ಲಿ ಸುಮಾರು ಐದು ಸಾವಿರ ವರ್ಷದ ಹಿಂದೆ ನವಶಿಲಾಯುಗದ ಜನ ನೆಲೆ ನಿಂತಿದ್ದರು. ಸಣ್ಣರಾಚಮ್ಮನ ಗುಡ್ಡದ ಮೇಲೆ ಮನೆ ಕಟ್ಟಿಕೊಂಡು ದನ ಸಾಕಿದರು. ಹಿರೇಗುಡ್ಡದಲ್ಲಿ ಕರಿಕಲ್ಲಿನಿಂದ ಕೊಡಲಿ ಮಾಡಿದರು. ಅದು ಒಬ್ಬಿಬ್ಬರ ಕೆಲಸವಾಗಿರಲಿಲ್ಲ, ದೊಡ್ಡ ಪ್ರಮಾಣದ ಕೊಡಲಿ ಕಾರ್ಖಾನೆಯೇ ಅಲ್ಲಿತ್ತು. 19ನೇ ಶತಮಾನದಲ್ಲಿ ರಾಬರ್ಟ್ ಬ್ರೂಸ್ ಫೂಟ್ ಗುರುತಿಸಿದ ಈ ನೆಲೆಯನ್ನು 1940ರ ದಶಕದಲ್ಲಿ ಬಿ. ಸುಬ್ಬರಾವ್, 1960ರ ದಶಕದಲ್ಲಿ ಎಂ.ಎಸ್. ನಾಗರಾಜರಾವ್ ಮತ್ತು ಅನ್ಸಾರಿ, ಆಮೇಲೆ ರವಿ ಕೋರಿಶೆಟ್ಟರ್ ಮತ್ತು ಅವರ ಜೊತೆಗಾರರು ಅಗೆದು ಓದಿದ್ದಾರೆ. ಫೂಟ್ ಹೆಸರಿನ ಒಂದು ಮ್ಯೂಸಿಯಂ ಬಳ್ಳಾರಿಯಲ್ಲೇ ಇದೆ. ನಮ್ಮ ಟ್ರೆಕ್ಕಿನ ಪಟ್ಟಿಯಲ್ಲಿ ಅದು ಇರಲಿಲ್ಲ.

ಆ ಕಾಲದವರು ಏನು ತಿನ್ನುತ್ತಿದ್ದರು? ಮಣ್ಣಿನಲ್ಲಿ ಸಿಕ್ಕ ಸುಟ್ಟ ಕಾಳುಗಳನ್ನು ಪರೀಕ್ಷಿಸಿದ ಡೋರಿಯನ್ ಫುಲ್ಲರ್ ಕೊಡುವ ಉತ್ತರ ಕೊರಲೆಯಂಥ ಕಿರುಧಾನ್ಯ, ಹುರುಳಿ, ಹೆಸರು. ಮಳೆ ಕಮ್ಮಿ ಇರೋ ಈ ನೆಲಕ್ಕೆ ಹೊಂದುವ ಬೆಳೆಗಳು. ಇವತ್ತು ಬಳ್ಳಾರಿ ಅಂದರೆ ಸಿರುಗುಪ್ಪದ ಅಕ್ಕಿ ಅನ್ನುತ್ತೇವೆ. ಅದು ತುಂಗಭದ್ರಾ ಅಣೆಕಟ್ಟು ಮುಗಿದು ಕಾಲುವೆಗಳು ಹರಿದ ಮೇಲಿನ, ಅಂದರೆ 1950ರ ದಶಕದಿಂದ ಈಚಿನ ಕತೆ.

ಕಪ್ಪಗಲ್ಲು ಕಡೆಯ ಗುಡ್ಡದಲ್ಲಿ ಕರಿಬಂಡೆಗಳ ಮೇಲೆ ಕುಟ್ಟಿ ಬಿಡಿಸಿದ ಚಿತ್ರಗಳಿವೆ. ಉದ್ದ ಕೊಂಬಿನ ಡುಬ್ಬದ ಎತ್ತುಗಳು, ಮನುಷ್ಯರು. 1892ರಲ್ಲೇ ಫಾಸೆಟ್ ಇವುಗಳ ಬಗ್ಗೆ ಬರೆದಿದ್ದರು. ಅಲ್ಲೇ ಕೆಲವು ಬಂಡೆಗಳಲ್ಲಿ ಕಲ್ಲಿನಿಂದ ಬಡಿದು ಬಡಿದು ಆದ ಗುಳಿಗಳಿವೆ. ಸಣ್ಣ ಕಲ್ಲಿನಿಂದ ತಟ್ಟಿದರೆ ಗಂಟೆಯಂತೆ ನಾದ ಬರುತ್ತೆ. ನಿಕೋಲ್ ಬೋಯ್ವಿನ್ 2004ರಲ್ಲಿ 'ಆಂಟಿಕ್ವಿಟಿ' ಪತ್ರಿಕೆಯಲ್ಲಿ ಈ 'ಕಲ್ಲಿನ ಸಂಗೀತ'ದ ಬಗ್ಗೆ ಬರೆದ ಮೇಲೆ ಜಗತ್ತಿನ ಪತ್ರಿಕೆಗಳಲ್ಲಿ ಸುದ್ದಿಯಾಯಿತು. ಕಲ್ಲು ಗಣಿಗಾರಿಕೆ ಈ ಗುಡ್ಡವನ್ನು ತಿನ್ನುತ್ತಿದೆ ಅನ್ನೋ ಎಚ್ಚರಿಕೆಯೂ ಆಗಲೇ ಬಂದಿತ್ತು.

ನಮ್ಮನ್ನು ಕರೆತಂದ ಹುಡುಗ ಬೆಂಗಳೂರಿನವನು, ಒಳ್ಳೆಯವನು. ಬಂಡೆಯೊಂದನ್ನು ತೋರಿಸಿ "ಇದೇ ಮ್ಯೂಸಿಕಲ್ ರಾಕ್" ಅಂತ ಬಡಿದ. ಠಪ್ ಅಂತು, ಅಷ್ಟೆ. ಇನ್ನೊಂದು ಬಡಿದ. ಅದೂ ಠಪ್. ಸ್ವಲ್ಪ ದೂರದಲ್ಲಿ ಆಡು ಬಿಟ್ಟುಕೊಂಡು ಕೂತಿದ್ದ ಅಜ್ಜ ಎದ್ದು ಬಂದರು. "ತಮ್ಮಾ, ಅದು ಮಾತಾಡಂಗಿಲ್ಲ. ಈ ಕಡೆ ಬರ್ರಿ" ಅಂತ ಎರಡು ಬಂಡೆ ದಾಟಿಸಿ ಕರೆದೊಯ್ದರು. ಕೈಯಲ್ಲಿದ್ದ ಕಲ್ಲಿನಿಂದ ಒಂದೇ ಸಲ, ಮೆಲ್ಲಗೆ ತಟ್ಟಿದರು. ನಾದ ಬಂತು.

ಆಮೇಲೆ ಎಲ್ಲರೂ ಒಂದೊಂದು ಕಲ್ಲು ಹಿಡಿದು ಬಡಿಯತೊಡಗಿದರು, ವಿಡಿಯೋ ಮಾಡಿಕೊಂಡರು. ಅಜ್ಜ ಬೇಡ ಅನ್ನುವಂತೆ ಕೈ ಆಡಿಸಿದ್ದನ್ನು ಯಾರೂ ನೋಡಲಿಲ್ಲ. ಸಾವಿರಾರು ವರ್ಷ ಹಳೆಯ ಗುಳಿಯ ಮೇಲೆ ಭಾನುವಾರಕ್ಕೆ 22 ಜನ ಬಡಿದರೆ ಏನಾಗುತ್ತೆ ಅಂತ ತಿಳಿಯಲು ಸಂಶೋಧನೆ ಬೇಕಿಲ್ಲ. ಆ ದಿನ ಗೈಡ್ ಕೆಲಸ ಮಾಡಿದ್ದು ಅಜ್ಜ. ಸಂಬಳ ಇಲ್ಲದ, ಗುರುತಿನ ಚೀಟಿ ಇಲ್ಲದ, ಬೇಡ ಅನ್ನುವ ಅಧಿಕಾರ ಇಲ್ಲದ ಗೈಡ್.

ನಾನು ಗುಡ್ಡವನ್ನು ಘನಮೀಟರಿನಲ್ಲಿ ನೋಡಿದ್ದೆ

ಇಲ್ಲಿ ನನ್ನದೂ ಒಂದು ತಪ್ಪೊಪ್ಪಿಗೆ ಇದೆ. ನಾನು ಸಿರುಗುಪ್ಪ ತಾಲೂಕಿನ ಹುಡುಗ, ಓದಿದ್ದು ಸಿವಿಲ್ ಇಂಜಿನಿಯರಿಂಗ್. ಬಳ್ಳಾರಿಗೆ ಹೋಗಿ ಬರುವಾಗ ಬಸ್ಸಿನ ಕಿಟಕಿಯಿಂದ ಇಂಥ ಗುಡ್ಡಗಳನ್ನು ಎಷ್ಟು ಸಲ ನೋಡಿದ್ದೇನೋ ಲೆಕ್ಕವಿಲ್ಲ. ಕಾಲೇಜಿನ ಲ್ಯಾಬಿನಲ್ಲಿ ಜಲ್ಲಿಯನ್ನು ಒತ್ತಿ ಪುಡಿ ಮಾಡಿ ಅದರ ತಾಳಿಕೆ ಅಳೆಯುವ ಪರೀಕ್ಷೆ ಇರುತ್ತಿತ್ತು. ನಮ್ಮ ಸೀಮೆಯ ಕಲ್ಲು ಯಾವಾಗಲೂ ಪಾಸು. ಗುಡ್ಡ ನೋಡಿದರೆ ಎಷ್ಟು ಘನಮೀಟರ್ ಬರಬಹುದು, ಎಷ್ಟು ಲೋಡು ಆಗಬಹುದು ಅಂತ ಗೆಳೆಯರ ನಡುವೆ ಪಂದ್ಯ ಕಟ್ಟುತ್ತಿದ್ದೆವು. ಅದರ ಮೇಲೆ ಯಾರಾದರೂ ಬದುಕಿದ್ದರು, ಈಗಲೂ ಯಾರೋ ಆಡು ಮೇಯಿಸುತ್ತಾರೆ ಅನ್ನೋದು ಯಾವ ಸಿಲೆಬಸ್ಸಿನಲ್ಲೂ ಇರಲಿಲ್ಲ.

ಇದನ್ನು ಯಾಕೆ ಹೇಳಿದೆ ಅಂದರೆ, ಕ್ವಾರಿಯ ಲೆಕ್ಕ ಬಹಳ ಸುಲಭ. ಇಷ್ಟು ಟನ್ನಿಗೆ ಇಷ್ಟು ರಾಜಧನ, ಇಷ್ಟು ಲಾರಿ, ಇಷ್ಟು ಕೂಲಿ. ಆಡಳಿತಕ್ಕೆ ಅರ್ಥವಾಗುವ ಭಾಷೆ ಅದು. ಗುಡ್ಡವನ್ನು ಉಳಿಸಿ ಅನ್ನುವವರು ಇತಿಹಾಸ, ಪರಂಪರೆ ಅಂತ ಮಾತಾಡುತ್ತೇವೆ. ಅದರಲ್ಲಿ ಊರಿನ ಮನೆಗೆ ಸಂಜೆ ಏನು ಬರುತ್ತೆ ಅನ್ನೋ ಸಾಲೇ ಇರಲ್ಲ. ಕ್ವಾರಿ ದಿನಗೂಲಿ ಕೊಡುತ್ತೆ, ಪರಂಪರೆ ಭಾಷಣ ಕೊಡುತ್ತೆ. ಯಾವುದು ಗೆಲ್ಲುತ್ತೆ ಹೇಳಿ?

ನಾವು ನೆಟ್ಟ ಸಸಿ

ಮಧ್ಯಾಹ್ನ ಗದ್ದೆ. ಬೇಸಿಗೆ ಬೆಳೆಗೆ ನಾಟಿ ನಡೆದಿತ್ತು. ಹಿಂದಿನ ಆಗಸ್ಟಿನಲ್ಲಿ ತುಂಗಭದ್ರಾ ಅಣೆಕಟ್ಟಿನ 19ನೇ ಗೇಟು ಕೊಚ್ಚಿಹೋಗಿ, ನೀರೆಲ್ಲ ಹೊಳೆ ಪಾಲಾಗುತ್ತೆ ಅಂತ ನಾಲ್ಕು ಜಿಲ್ಲೆಗಳ ರೈತರು ನಿದ್ದೆಗೆಟ್ಟಿದ್ದರು. ತಾತ್ಕಾಲಿಕ ಗೇಟು ಕೂತು ಮತ್ತೆ ಮಳೆ ಬಂದಿದ್ದರಿಂದ ಮರ್ಯಾದೆ ಉಳಿಯಿತು. ಆ ನೀರಿನಲ್ಲಿ ನಿಂತು ಹದಿನೈದು ಹೆಣ್ಣುಮಕ್ಕಳು ಸಾಲಾಗಿ ನೆಲ್ಲು ಹಚ್ಚುತ್ತಿದ್ದರು. ಅವರದ್ದು ಗುತ್ತಿಗೆ ಕೆಲಸ. ಎಕರೆಗೆ ಇಷ್ಟು ಅಂತ ಮಾತಾಗಿರುತ್ತೆ, ಬೇಗ ಮುಗಿಸಿದರೆ ಇನ್ನೊಂದು ಹೊಲ ಸಿಗುತ್ತೆ.

'ನಾಟಿ ಅನುಭವ' ಅಂತ ನಮ್ಮವರು ಪ್ಯಾಂಟು ಮಡಚಿ ಕೆಸರಿಗೆ ಇಳಿದರು. ಇಪ್ಪತ್ತು ನಿಮಿಷ ನಗು, ಫೋಟೋ. ಗದ್ದೆಯ ಹೆಣ್ಣುಮಕ್ಕಳು ಸೆರಗು ಎಳೆದುಕೊಂಡು ಬದಿಗೆ ಸರಿದು ನಿಂತರು. ನಾವು ಬಸ್ಸು ಹತ್ತುವಾಗ ಹಿಂದೆ ತಿರುಗಿ ನೋಡಿದೆ. ಅವರಲ್ಲಿ ಇಬ್ಬರು ನಾವು ನೆಟ್ಟ ಸಸಿಗಳನ್ನು ಕಿತ್ತು ಮತ್ತೆ ನೆಡುತ್ತಿದ್ದರು. ನಮ್ಮ ಅನುಭವಕ್ಕೆ ಅವರ ಅರ್ಧ ಗಂಟೆ ಹೋಯಿತು. ಅದರ ಕೂಲಿ ಯಾರ ಲೆಕ್ಕದಲ್ಲೂ ಇಲ್ಲ. ನಮ್ಮಮ್ಮ ಇಂಥದೇ ಸಾಲಿನಲ್ಲಿ ಬಗ್ಗಿ ನನ್ನ ಫೀಸು ಕಟ್ಟಿದವಳು. ನಾನು ಬಸ್ಸಿನಲ್ಲಿ ಸುಮ್ಮನೆ ಕೂತೆ.

ದೂರದ ಗದ್ದೆಗಳು ಹೇಳುವ ಪಾಠ

ಭತ್ತದ ಗದ್ದೆ, ಬುಡಕಟ್ಟು ಹಳ್ಳಿ, ಒಂದು ದಿನದ ನಡಿಗೆ ಅನ್ನುವ ಪ್ಯಾಕೇಜಿಗೆ ಜಗತ್ತಿನಲ್ಲಿ ಹೆಸರಾದ ಜಾಗ ಉತ್ತರ ವಿಯೆಟ್ನಾಮಿನ ಸಾ ಪಾ. ಅಲ್ಲಿ ಬೆಟ್ಟವನ್ನೇ ಮೆಟ್ಟಿಲು ಮಾಡಿ ಗದ್ದೆ ಕಟ್ಟಿದವರು ಹ್ಮಾಂಗ್, ದಾವ್ ಮುಂತಾದ ಅಲ್ಪಸಂಖ್ಯಾತ ಸಮುದಾಯದವರು. ಅಲ್ಲಿನ ಎಷ್ಟೋ ಹ್ಮಾಂಗ್ ಹೆಣ್ಣುಮಕ್ಕಳು ಪ್ರವಾಸಿಗರ ಜೊತೆ ನಡೆಯುತ್ತಲೇ ಇಂಗ್ಲಿಷ್ ಕಲಿತು ಗೈಡ್ ಆದರು. ಇದು ಒಳ್ಳೆಯ ಮುಖ. ಕ್ಯಾಟ್ ಕ್ಯಾಟ್ ಅನ್ನೋ ಹಳ್ಳಿಯ ಒಳಗೆ ಹೋಗಲು ಟಿಕೆಟ್ ತೆಗೆದುಕೊಳ್ಳಬೇಕು. ಬದುಕಿರುವ ಊರೇ ಪ್ರದರ್ಶನವಾಗಿದ್ದು ಇನ್ನೊಂದು ಮುಖ.

ಫಿಲಿಪ್ಪೀನ್ಸಿನ ಇಫುಗಾವೊ ಜನರ ಮೆಟ್ಟಿಲು ಗದ್ದೆಗಳು 1995ರಲ್ಲಿ ವಿಶ್ವ ಪರಂಪರೆ ಪಟ್ಟಿಗೆ ಸೇರಿದವು. ಆರೇ ವರ್ಷಕ್ಕೆ, 2001ರಲ್ಲಿ, ಅಪಾಯದಲ್ಲಿರುವ ತಾಣಗಳ ಪಟ್ಟಿಗೂ ಸೇರಿದವು. ಕಾರಣಗಳಲ್ಲಿ ದೊಡ್ಡದು, ಗದ್ದೆ ಮಾಡುವವರು ಗದ್ದೆ ಬಿಟ್ಟಿದ್ದು. ಪ್ರವಾಸಿಗರು ಬಂದರೂ ಭತ್ತ ಬೆಳೆಯುವವನಿಗೆ ಬದುಕು ಸಿಗಲಿಲ್ಲ, ಹುಡುಗರು ಪೇಟೆಗೆ ಹೋದರು, ಕಲ್ಲಿನ ಒಡ್ಡು ಕುಸಿಯಿತು. ಆ ಅಪಾಯದ ಪಟ್ಟಿಯಿಂದ ಹೊರಬರಲು 2012ರವರೆಗೆ ಬೇಕಾಯಿತು.

ನಮ್ಮ ಗದ್ದೆ ಬಯಲಿನದು, ನಮ್ಮ ಗುಡ್ಡದಲ್ಲಿ ಮೆಟ್ಟಿಲು ಗದ್ದೆ ಇಲ್ಲ. ಆದರೂ ಪಾಠ ಅದೇ. ನೋಡಲು ಬಂದವರ ದುಡ್ಡು ಆ ಜಾಗವನ್ನು ದಿನಾ ನಡೆಸುವವರಿಗೆ ಮುಟ್ಟದಿದ್ದರೆ ಜಾಗ ಉಳಿಯಲ್ಲ.

'ಬೇಲಿ ಹಾಕಿದ್ರ ಆಡು ಎಲ್ಲಿ ಮೇಯ್ಬೇಕು?'

ಗುಡ್ಡ ಇಳಿಯುವಾಗ ಅಜ್ಜನ ಜೊತೆ ಮಾತಾಡಿದೆ. ಈ ಗುಡ್ಡವನ್ನು ಸರ್ಕಾರ ಚೆನ್ನಾಗಿ ಕಾಯಬೇಕು ಅಲ್ವಾ ಅಜ್ಜಾ ಅಂದೆ. ಅವರು ನಕ್ಕರು. "ಕಲ್ಲು ಹೊಡೆಯೋರು ಬಂದ್ರ ಗುಡ್ಡ ಹೋಗ್ತದ. ಕಾಯೋರು ಬಂದ್ರ ಬೇಲಿ ಹಾಕ್ತಾರ. ಬೇಲಿ ಹಾಕಿದ್ರ ನಮ್ಮ ಆಡು ಎಲ್ಲಿ ಮೇಯ್ಬೇಕಪ್ಪಾ?"

ಈ ಹೆದರಿಕೆ ಸುಮ್ಮನೆ ಬಂದದ್ದಲ್ಲ. ಪಕ್ಕದಲ್ಲೇ ಹಂಪಿ ಇದೆ. 1986ರಿಂದ ವಿಶ್ವ ಪರಂಪರೆಯ ತಾಣ. 2011ರ ಜುಲೈನಲ್ಲಿ ಹಂಪಿ ಬಜಾರಿನ ಸಾಲು ಮಂಟಪಗಳಲ್ಲಿ ಮನೆ, ಅಂಗಡಿ ಮಾಡಿಕೊಂಡಿದ್ದ ಕುಟುಂಬಗಳನ್ನು ಜೆಸಿಬಿ ತಂದು ಎಬ್ಬಿಸಿದರು. ಕಡ್ಡಿರಾಂಪುರದಲ್ಲಿ ಜಾಗ ಕೊಡುವ ಮಾತು ವರ್ಷಗಟ್ಟಲೆ ಎಳೆಯಿತು. 2020ರಲ್ಲಿ ಸುಪ್ರೀಂ ಕೋರ್ಟ್ ಆದೇಶದ ನಂತರ ವಿರೂಪಾಪುರ ಗಡ್ಡೆಯ ರೆಸಾರ್ಟುಗಳು ನೆಲಸಮವಾದವು. ಕಾನೂನಿನ ಪ್ರಕಾರ ಅವು ಅಕ್ರಮ ಕಟ್ಟಡಗಳೇ ಇರಬಹುದು. ಆದರೆ ಅಲ್ಲಿ ಅಡುಗೆ ಮಾಡುತ್ತಿದ್ದವರು, ದೋಣಿ ನಡೆಸುತ್ತಿದ್ದವರು ಏನಾದರು ಅಂತ ಎಷ್ಟು ಜನ ಕೇಳಿದೆವು? ನಮ್ಮಲ್ಲಿ ಪರಂಪರೆ ರಕ್ಷಣೆ ಅಂದರೆ ಕಲ್ಲನ್ನು ಇಟ್ಟುಕೊಂಡು ಜನರನ್ನು ಕಳಿಸೋದು ಅನ್ನುವಂತಾಗಿದೆ.

ಸಂಗನಕಲ್ಲಿನಲ್ಲಿ ಇದು ಇನ್ನೂ ವಿಚಿತ್ರವಾಗುತ್ತೆ. ಇಲ್ಲಿ ನಾವು ಹಾಡಿ ಹೊಗಳುವುದು ದನ ಮೇಯಿಸುತ್ತಿದ್ದ ಜನರನ್ನು. ಬಳ್ಳಾರಿ–ಹೊಸಪೇಟೆ ದಾರಿಯ ಕುಡತಿನಿಯಲ್ಲಿ ಇರುವ ಬೂದಿ ದಿಬ್ಬ ಅವರ ದನಗಳ ಸಗಣಿ ರಾಶಿ ಸುಟ್ಟು ಆದದ್ದು. ಆ ಬದುಕಿಗೆ ಇವತ್ತು ಅತಿ ಹತ್ತಿರ ಇರುವವರು ಇದೇ ಆಡು, ದನ ಕಾಯುವವರು. ಮೇಯಿಸುತ್ತಿದ್ದವರ ನೆನಪು ಉಳಿಸಲು ಮೇಯಿಸುವವರನ್ನು ಹೊರಗೆ ಹಾಕಿದರೆ ಅದಕ್ಕೆ ಏನನ್ನಬೇಕು?

ಹಾಗಾಗಿ ನನಗೆ ಕಾಣುವುದು ಇಷ್ಟು. ಕ್ವಾರಿ ಗುಡ್ಡವನ್ನು ಕಸಿಯುತ್ತೆ. ಬೇಲಿ ಮೇವನ್ನು ಕಸಿಯುತ್ತೆ. ನಡಿಗೆ ಮೂರನೇ ದಾರಿ ಆಗಬಹುದು. ಆದರೆ ಅದು ಊರಿನವರ ಕೈಯಲ್ಲಿದ್ದರೆ ಮಾತ್ರ.

ಹಕ್ಕು ಮೊದಲು, ಟಿಕೆಟ್ ಆಮೇಲೆ

ಇದು ಆಗದ ಮಾತಲ್ಲ. 2011ರಲ್ಲಿ ಬಿಳಿಗಿರಿರಂಗನ ಬೆಟ್ಟದ ಸೋಲಿಗರ ಗ್ರಾಮಸಭೆಗಳಿಗೆ ಅರಣ್ಯ ಹಕ್ಕು ಕಾಯ್ದೆಯಡಿ ಸಮುದಾಯ ಹಕ್ಕು ಸಿಕ್ಕಿತು. ಹುಲಿ ಸಂರಕ್ಷಿತ ಪ್ರದೇಶದೊಳಗೆ ಹೀಗೆ ಹಕ್ಕು ಸಿಕ್ಕಿದ್ದು ದೇಶದಲ್ಲೇ ಮೊದಲು. ಸೋಲಿಗರೂ ಇದ್ದಾರೆ, ಹುಲಿಯೂ ಇದೆ. ಕೇರಳ 2008ರ ಸುಮಾರಿಗೆ ಕುಮರಕಂನಲ್ಲಿ ಶುರು ಮಾಡಿದ ಪ್ರಯೋಗವನ್ನು 2017ರಲ್ಲಿ ಜವಾಬ್ದಾರಿ ಪ್ರವಾಸೋದ್ಯಮ ಮಿಷನ್ ಅಂತಲೇ ಮಾಡಿತು. ಹಗ್ಗ ಹೊಸೆಯುವವರು, ಮೀನು ಹಿಡಿಯುವವರು ತಮ್ಮ ಕೆಲಸ ತೋರಿಸಿದ್ದಕ್ಕೆ ದುಡ್ಡು ಪಡೆಯುವ ವ್ಯವಸ್ಥೆ ಅದರಲ್ಲಿದೆ.

ನಮ್ಮ ಸರ್ಕಾರಕ್ಕೆ ಟ್ರೆಕ್ ಅಂದರೆ ಏನು ಅಂತ ಗೊತ್ತಿಲ್ಲವೇ? ಗೊತ್ತಿದೆ. 2024ರ ಜನವರಿಯಲ್ಲಿ ಕುಮಾರ ಪರ್ವತದಲ್ಲಿ ಜಾತ್ರೆಯಂತೆ ಜನ ಸೇರಿದ ಮೇಲೆ ಅರಣ್ಯ ಇಲಾಖೆ ಆನ್‌ಲೈನ್ ಬುಕಿಂಗ್ ಕಡ್ಡಾಯ ಮಾಡಿತು. ಅದೇ ವರ್ಷ 'ಅರಣ್ಯ ವಿಹಾರ' ತಾಣ ಬಂತು, ದಿನಕ್ಕೆ ಇಷ್ಟೇ ಜನ ಅನ್ನೋ ಮಿತಿಯೂ ಬಂತು. ಆದರೆ ಅದೆಲ್ಲ ಮಲೆನಾಡಿನ ಕಾಡಿನ ಕತೆ. ಬಯಲುಸೀಮೆಯ ಬಂಡೆಗುಡ್ಡ ನಮ್ಮ ಕಣ್ಣಿಗೆ ಇನ್ನೂ ಟ್ರೆಕ್ಕೂ ಅಲ್ಲ, ಕಾಡೂ ಅಲ್ಲ. ಬರೀ ಕಲ್ಲು.

ದುಡ್ಡಿಲ್ಲ ಅನ್ನೋ ಮಾತಂತೂ ಬಳ್ಳಾರಿಯಲ್ಲಿ ನಡೆಯಲ್ಲ. ಅಕ್ರಮ ಗಣಿಗಾರಿಕೆಯ ನಂತರ ಗಣಿಬಾಧಿತ ಪ್ರದೇಶದ ಪುನಶ್ಚೇತನಕ್ಕೆ ಸುಪ್ರೀಂ ಕೋರ್ಟ್ 2022ರಲ್ಲಿ ಒಪ್ಪಿಗೆ ಕೊಟ್ಟ ಯೋಜನೆಯ ಗಾತ್ರ ಸುಮಾರು 25 ಸಾವಿರ ಕೋಟಿ ರೂಪಾಯಿ. ಅದರ ಮೇಲೆ ಜಿಲ್ಲಾ ಖನಿಜ ನಿಧಿ ಬೇರೆ. 2021ರಲ್ಲಿ ವಿಜಯನಗರ ಜಿಲ್ಲೆ ಆದ ಮೇಲೆ ಹಂಪಿ ಆ ಕಡೆ ಹೋಯಿತು. ಬಳ್ಳಾರಿಗೆ ಉಳಿದದ್ದು ಸಂಗನಕಲ್ಲು, ತೆಕ್ಕಲಕೋಟೆ, ಅಶೋಕನ ಶಾಸನ ಇರುವ ನಿಟ್ಟೂರು ಮತ್ತು ಉಡೇಗೋಳ, ಸಂಡೂರಿನ ಬೆಟ್ಟ. ಇವತ್ತಲ್ಲ ನಾಳೆ ಪ್ರವಾಸೋದ್ಯಮ ಇಲ್ಲಿಗೆ ಬಂದೇ ಬರುತ್ತೆ. ಅದಕ್ಕೆ ಮುಂಚೆ ನಿಯಮ ಬರಬೇಕು.

ಯಾವ ನಿಯಮ? ಒಂದು, ಗುಡ್ಡದ ಸರ್ವೆ ನಂಬರುಗಳನ್ನು ಗುರುತಿಸಿ ಕಲ್ಲು ಒಡೆಯೋದು ಪೂರ್ತಿ ನಿಲ್ಲಬೇಕು, ಮೇಯಿಸುವ ಹಕ್ಕು ಕಾಗದದ ಮೇಲೆ ಬರಬೇಕು. ಎರಡು, ಹಂಪಿಯಲ್ಲಿ ಇರುವಂತೆ ತರಬೇತಿ ಪಡೆದ ಗೈಡ್‌ಗಳು ಇಲ್ಲೂ ಬೇಕು, ಅವರು ಸಂಗನಕಲ್ಲು, ಕಪ್ಪಗಲ್ಲಿನವರೇ ಆಗಿರಬೇಕು. ಅವರಿಲ್ಲದೆ ಯಾವ ಗುಂಪೂ ಗುಡ್ಡ ಹತ್ತಬಾರದು. ಮೂರು, ತಲೆಗಿಷ್ಟು ಅಂತ ಗುಡ್ಡದ ಶುಲ್ಕ ಗ್ರಾಮ ಪಂಚಾಯಿತಿಯ ಬೇರೆ ಖಾತೆಗೆ ಹೋಗಬೇಕು, ಲೆಕ್ಕ ಗ್ರಾಮಸಭೆಯಲ್ಲಿ ಓದಬೇಕು. ನಾಲ್ಕು, ಮಾತಾಡುವ ಕಲ್ಲನ್ನು ಗೈಡ್ ಒಬ್ಬರೇ ತಟ್ಟಬೇಕು. ನಮಗೆ ಕಿವಿ ಸಾಕು.

ಗೈಡ್ ಪಟ್ಟಿ ಯಾರ ಕಟ್ಟೆಯ ಮೇಲೆ?

ಈಗ ಕಷ್ಟದ ಪ್ರಶ್ನೆ. 'ಊರಿನವರು' ಅಂದರೆ ಯಾರು? ಊರು ಅನ್ನೋದು ಒಂದೇ ಮನೆಯಲ್ಲ. ಬಳ್ಳಾರಿ ಜಿಲ್ಲೆಯ ಐದು ವಿಧಾನಸಭಾ ಕ್ಷೇತ್ರಗಳಲ್ಲಿ ನಾಲ್ಕು ಪರಿಶಿಷ್ಟ ಪಂಗಡಕ್ಕೆ ಮೀಸಲು, ಲೋಕಸಭಾ ಕ್ಷೇತ್ರವೂ ಮೀಸಲು. ವಾಲ್ಮೀಕಿ ನಾಯಕ ಸಮುದಾಯಕ್ಕೆ ಇಲ್ಲಿ ಸಾ ಪಾದ ಹ್ಮಾಂಗ್ ಜನರಿಗೆ ಇಲ್ಲದ ರಾಜಕೀಯ ಬಲ ಇದೆ. ಆದರೂ 2024ರಲ್ಲಿ ವಾಲ್ಮೀಕಿ ಅಭಿವೃದ್ಧಿ ನಿಗಮದ ದುಡ್ಡು ಎಲ್ಲೆಲ್ಲಿಗೆ ಹೋಯಿತು ಅನ್ನೋದನ್ನು ರಾಜ್ಯವೇ ನೋಡಿತು. ಸೀಟು ಇದ್ದ ಮಾತ್ರಕ್ಕೆ ದುಡ್ಡು ಕೇರಿಗೆ ಇಳಿಯಲ್ಲ.

ಹಾಗೆಯೇ ಗೈಡ್ ಪಟ್ಟಿ ಊರಿನ ಬಲಾಢ್ಯರೊಬ್ಬರ ಮನೆಯ ಕಟ್ಟೆಯ ಮೇಲೆ ತಯಾರಾದರೆ ಆಡು ಕಾಯುವ ಅಜ್ಜನ ಮೊಮ್ಮಗಳ ಹೆಸರು ಅದರಲ್ಲಿ ಇರಲ್ಲ. ಜೀನ್ಸ್ ಘಟಕಕ್ಕೆ ಹೊಲಿಯಲು ಹೋಗುವ ಹುಡುಗಿಗೆ ಭಾನುವಾರ ಗೈಡ್ ಕೆಲಸ ಸಿಗಲ್ಲ. ನಾವು ಉಂಡ 'ಹಳ್ಳಿ ಊಟ' ಯಾವ ಮನೆಯದು ಅಂತ ವಿಚಾರಿಸಿದಾಗ ಅದು ಯಾವ ಕೇರಿಯಿಂದ ಬಂದಿರಲು ಸಾಧ್ಯವೇ ಇರಲಿಲ್ಲ ಅನ್ನೋದು ನನಗೆ ಗೊತ್ತಾಯಿತು. ನಿಮಗೂ ಗೊತ್ತಿರುತ್ತೆ. ಆದ್ದರಿಂದ ಗೈಡ್, ಊಟ, ಎರಡಕ್ಕೂ ಸರದಿ ಬೇಕು, ಹೆಣ್ಣುಮಕ್ಕಳಿಗೆ ಅರ್ಧ ಪಾಲು ಬೇಕು, ಎಸ್‌ಸಿ, ಎಸ್‌ಟಿ ಮನೆಗಳ ಪಾಲು ನಿಯಮದಲ್ಲೇ ಬರೆದಿರಬೇಕು. ಜಗಳ ಆಗುತ್ತೆ ಅನ್ನುತ್ತೀರಾ? ಆಗಲಿ. ಗ್ರಾಮಸಭೆ ಇರೋದೇ ಅದಕ್ಕೆ.

ಸರ್ಕಾರ ಮಾಡುವವರೆಗೆ ನಾವು ಸುಮ್ಮನಿರಬೇಕಿಲ್ಲ. ಟ್ರೆಕ್ ಬುಕ್ ಮಾಡುವವರು ಬಹುಪಾಲು ನಮ್ಮ ವಯಸ್ಸಿನವರೇ. ಮುಂದಿನ ಸಲ ದುಡ್ಡು ಕಟ್ಟುವ ಮೊದಲು ಮೂರು ಪ್ರಶ್ನೆ ಕೇಳಿ: ಗೈಡ್ ಯಾವ ಊರಿನವರು? ನನ್ನ ದುಡ್ಡಿನಲ್ಲಿ ಆ ಊರಿಗೆ ಎಷ್ಟು? ಊಟ ಯಾವ ಮನೆಯಿಂದ? ಉತ್ತರ ಕೊಡದವರಿಗೆ ದುಡ್ಡು ಕೊಡಬೇಡಿ. ಗದ್ದೆಗೆ ಇಳಿಯುವ ಆಸೆ ಇದ್ದರೆ ನಿಮ್ಮಿಂದ ಹಾಳಾಗುವ ಅರ್ಧ ಗಂಟೆಯ ಕೂಲಿಯನ್ನು ಮೊದಲೇ ಆ ಹೆಣ್ಣುಮಕ್ಕಳ ಕೈಗೆ ಕೊಡಿಸಿ.

ನಾನು ಫೆಬ್ರವರಿಯಲ್ಲಿ ಒಬ್ಬನೇ ಮತ್ತೆ ಹೋಗಿದ್ದೆ. ಅಜ್ಜ ಸಿಕ್ಕರು. ಇವತ್ತು ನೀವೇ ಗೈಡ್, ಅರ್ಧ ದಿನಕ್ಕೆ ಎಷ್ಟು ಕೊಡಲಿ ಅಂತ ಕೇಳಿದೆ. ಅವರು ಬಹಳ ಹೊತ್ತು ಯೋಚಿಸಿದರು. ಆ ಪ್ರಶ್ನೆಯನ್ನು ಅದುವರೆಗೆ ಅವರಿಗೆ ಯಾರೂ ಕೇಳಿರಲಿಲ್ಲವಂತೆ.